ಬ್ಯಾಸ್ಕೆಟ್‌ಬಾಲ್ ಕತೆಯಲ್ಲಿ ಸೆಂಡಾ ಹೆಸರೂ ಬರಲಿ

ಮಾನ್ಯ ಸಂಪಾದಕರೇ,

ಬ್ಯಾಸ್ಕೆಟ್‌ಬಾಲ್ ಹುಟ್ಟಿದ ಕತೆಯನ್ನು ನಿಮ್ಮ ಕ್ರೀಡಾ ಪುಟದಲ್ಲಿ ಓದಿದೆ. 1891ರ ಡಿಸೆಂಬರ್ ಚಳಿ, ಅಮೆರಿಕದ ಸ್ಪ್ರಿಂಗ್‌ಫೀಲ್ಡ್‌ನ ಜಿಮ್, ಬಾಲ್ಕನಿಗೆ ಮೊಳೆ ಹೊಡೆದು ನಿಲ್ಲಿಸಿದ ಪೀಚ್ ಹಣ್ಣಿನ ಬುಟ್ಟಿಗಳು, ಜೇಮ್ಸ್ ನೈಸ್ಮಿತ್ ಬರೆದ 13 ನಿಯಮ, ಎಲ್ಲ ಚೆನ್ನಾಗಿ ಬಂದಿದೆ. ಆದರೆ ಹುಡುಗಿಯರ ಆಟದ ಬಗ್ಗೆ ಒಂದು ಸಾಲೂ ಇರಲಿಲ್ಲ. ಕಾಲೇಜಿನಲ್ಲಿ ಮೂರು ವರ್ಷ ಈ ಆಟ ಆಡಿದವಳು ನಾನು. ಹುಡುಗಿಯರಿಗೆ ಈ ಆಟ ಕಲಿಸಿ, ಅವರಿಗೆಂದೇ ನಿಯಮ ಬರೆದ ಟೀಚರ್ ಸೆಂಡಾ ಬೆರೆನ್ಸನ್ ಹೆಸರು ಬಿಟ್ಟುಹೋಗಿದ್ದಕ್ಕೆ ತುಂಬ ಬೇಜಾರಾಯಿತು. ಅದಕ್ಕೇ ಈ ಪತ್ರ.

ಸೆಂಡಾ ಹುಟ್ಟಿದ್ದು 1868ರಲ್ಲಿ, ಲಿಥುವೇನಿಯಾದ ಒಂದು ಯಹೂದಿ ಮನೆಯಲ್ಲಿ. ಚಿಕ್ಕವರಿದ್ದಾಗಲೇ ಮನೆಯವರು ಬಾಸ್ಟನ್‌ಗೆ ಬಂದು ನೆಲೆಸಿದರು. ಮೈಯಲ್ಲಿ ಶಕ್ತಿ ಕಡಿಮೆ. ಆಸೆಪಟ್ಟು ಪಿಯಾನೊ ಕಲಿಯಲು ಹೋದರೆ ಬೆನ್ನುನೋವು ಕೂರಲು ಬಿಡಲಿಲ್ಲ. ಸ್ವಲ್ಪ ಗಟ್ಟಿಯಾಗಲಿ ಅಂತ 1890ರಲ್ಲಿ ವ್ಯಾಯಾಮ ಕಲಿಸುವ ಶಾಲೆಗೆ ಸೇರಿದರು, ಅದೂ ಅರೆಮನಸ್ಸಿನಿಂದ. ಎರಡೇ ವರ್ಷಕ್ಕೆ, 1892ರಲ್ಲಿ, ನಾರ್ಥಾಂಪ್ಟನ್‌ನ ಸ್ಮಿತ್ ಕಾಲೇಜಿನಲ್ಲಿ ಹುಡುಗಿಯರಿಗೆ ವ್ಯಾಯಾಮ ಕಲಿಸುವ ಟೀಚರ್ ಆದರು.

ಸ್ಪ್ರಿಂಗ್‌ಫೀಲ್ಡ್ ಅಲ್ಲಿಗೆ ಹತ್ತಿರ. ನೈಸ್ಮಿತ್ ಅವರ ಹೊಸ ಆಟದ ಸುದ್ದಿ ಸೆಂಡಾ ಕಿವಿಗೆ ಬೀಳಲು ತಡವಾಗಲಿಲ್ಲ. ಒಂದೇ ಸಮನೆ ಕೈಕಾಲು ಆಡಿಸುವ ಕಸರತ್ತಿಗಿಂತ ಹುಡುಗಿಯರಿಗೆ ಇದು ಹಿಡಿಸುತ್ತದೆ ಅನ್ನಿಸಿತು. 1893ರ ಮಾರ್ಚ್‌ನಲ್ಲಿ ಮೊದಲ ವರ್ಷದವರಿಗೂ ಎರಡನೇ ವರ್ಷದವರಿಗೂ ಪಂದ್ಯ ಇಟ್ಟರು. ಗಂಡಸರಿಗೆ ಒಳಗೆ ಪ್ರವೇಶ ಇರಲಿಲ್ಲ. ಮೇಲಿನ ಗ್ಯಾಲರಿ ತುಂಬ ಹುಡುಗಿಯರು, ಒಂದು ಕಡೆ ಒಂದು ಕ್ಲಾಸಿನ ಬಣ್ಣ, ಇನ್ನೊಂದು ಕಡೆ ಇನ್ನೊಂದು ಕ್ಲಾಸಿನದು, ಕಿವಿ ಕಿವುಡಾಗುವಂಥ ಕೂಗಾಟ. ಪಂದ್ಯ ಶುರು ಮಾಡಲು ಸೆಂಡಾ ಚೆಂಡನ್ನು ಮೇಲಕ್ಕೆ ಎಸೆದರು. ಅವರ ಕೈ ಚೆಂಡಿಗೆ ಹಾರಿದ ಹುಡುಗಿಯ ತೋಳಿಗೆ ತಗುಲಿ ಅವಳ ಭುಜದ ಕೀಲೇ ತಪ್ಪಿತು! ಅವಳು ಮೊದಲ ವರ್ಷದವರ ಕ್ಯಾಪ್ಟನ್. ಕೀಲು ಕೂರಿಸಿ, ಬೇರೊಬ್ಬಳನ್ನು ಇಳಿಸಿ, ಆಟ ಮುಂದುವರಿಸಿದರು. ಆಟ ನಿಲ್ಲಲಿಲ್ಲ ನೋಡಿ, ಈ ಕತೆಯಲ್ಲಿ ನನಗೆ ತುಂಬ ಇಷ್ಟವಾಗುವುದು ಅದೇ.

ಆಮೇಲೆ ಅವರು ನಿಯಮಗಳನ್ನು ತಿದ್ದಿದರು. ಎದುರಾಳಿಯ ಕೈಯಿಂದ ಚೆಂಡು ಕಿತ್ತುಕೊಳ್ಳಬಾರದು. 3 ಸೆಕೆಂಡಿಗಿಂತ ಜಾಸ್ತಿ ಹಿಡಿದುಕೊಂಡಿರಬಾರದು. 3 ಸಲಕ್ಕಿಂತ ಜಾಸ್ತಿ ಡ್ರಿಬಲ್ ಮಾಡಬಾರದು, ಅಂದರೆ ಚೆಂಡನ್ನು ನೆಲಕ್ಕೆ ಪುಟಿಸಬಾರದು. ಕೋರ್ಟನ್ನು 3 ಭಾಗ ಮಾಡಿ, ಯಾರೂ ತಮ್ಮ ಭಾಗದ ಗೆರೆ ದಾಟುವಂತಿಲ್ಲ ಎಂದರು. 1901ರಲ್ಲಿ ಅವರ ಸಂಪಾದಕತ್ವದಲ್ಲೇ ಹೆಂಗಸರ ಆಟದ ನಿಯಮಗಳು ಪುಸ್ತಕವಾಗಿ ಬಂದವು.

ಇಲ್ಲಿ ಒಂದು ಮಾತು ಮುಚ್ಚಿಡಬಾರದು. ಆ ಗೆರೆಗಳು ಹುಡುಗಿಯರನ್ನು ಬಹಳ ಕಾಲ ಕಟ್ಟಿಹಾಕಿದವು. ಹಿಂದಿನಿಂದ ಚೆಂಡು ಸಿಕ್ಕಿದ ಕೂಡಲೇ ಕೋರ್ಟಿನ ಈ ತುದಿಯಿಂದ ಆ ತುದಿಗೆ ಓಡಿ ಬುಟ್ಟಿಗೆ ಹಾಕುವ ಸುಖ ನನಗೆ ಗೊತ್ತು. ನಡುವೆ ನಿಲ್ಲು ಅಂದಿದ್ದರೆ ಉಸಿರು ಕಟ್ಟುತ್ತಿತ್ತು. ಅಮೆರಿಕದ ಕಾಲೇಜು ಹುಡುಗಿಯರು ಐದೈದು ಜನರಾಗಿ ಪೂರ್ತಿ ಕೋರ್ಟಿನಲ್ಲಿ ಆಡುವ ನಿಯಮ ಬಂದಿದ್ದು 1971ರಲ್ಲಿ. ಬೇರೆ ಕಾಲೇಜುಗಳ ಜತೆ ಪಂದ್ಯ ಆಡುವುದಕ್ಕೂ ಸೆಂಡಾ ಒಪ್ಪುತ್ತಿರಲಿಲ್ಲ. ಗೆಲ್ಲುವ ಹಟ ಹತ್ತಿದರೆ ಆಟ ಒರಟಾಗುತ್ತದೆ ಅನ್ನುವ ಭಯ ಅವರದು. ಈ ವಿಷಯದಲ್ಲಿ ನಾನು ಅವರ ಜತೆ ಇಲ್ಲ. ಆದರೆ ಓಡಿದರೆ, ಹಾರಿದರೆ ಹೆಣ್ಣುಮಕ್ಕಳ ಆರೋಗ್ಯ ಕೆಡುತ್ತದೆ ಅಂತ ಡಾಕ್ಟರುಗಳೇ ಹೇಳುತ್ತಿದ್ದ ಕಾಲ ಅದು. ಆಗ ಹುಡುಗಿಯರ ಕೈಗೆ ಚೆಂಡು ಕೊಟ್ಟು, ಆಡಿ ಅಂತ ಹೇಳಲು ಎಷ್ಟು ಧೈರ್ಯ ಬೇಕಿತ್ತು ಅಲ್ವಾ?

1911ರಲ್ಲಿ ಮದುವೆಯಾಗಿ ಅವರು ಸ್ಮಿತ್ ಬಿಟ್ಟರು. ತೀರಿಕೊಂಡಿದ್ದು 1954ರಲ್ಲಿ. ಸ್ಪ್ರಿಂಗ್‌ಫೀಲ್ಡ್‌ನಲ್ಲಿ ನೈಸ್ಮಿತ್ ಹೆಸರಿನಲ್ಲೇ ಇರುವ, ಈ ಆಟದ ಸಾಧಕರನ್ನು ಗೌರವಿಸುವ ಹಾಲ್ ಆಫ್ ಫೇಮ್‌ಗೆ ಅವರನ್ನು ಸೇರಿಸಿದ್ದು 1985ರಲ್ಲಿ. ಹೆಂಗಸರಿಗೆ ಅದರ ಬಾಗಿಲು ತೆರೆದಿದ್ದೇ ಆ ವರ್ಷ.

ನಿಮ್ಮ ಮಕ್ಕಳ ಪುಟದಲ್ಲಿ ಒಂದು ವಾರ ಅವರ ಬಗ್ಗೆ ಬರೆಸಿ, ಫೋಟೋ ಸಮೇತ. ಭುಜದ ಕತೆ ಬಿಡಬೇಡಿ.

ಇಂತಿ,
ನಿಮ್ಮ ಓದುಗಿ