ಸರ್ವೆ ಮಾಮ, ಬಾವಿ ಮತ್ತೆ ನನ್ನ ವೈವಾ

ಕಳೆದ ಗುರುವಾರ ನನ್ನ ಪಿಎಚ್‌ಡಿಯ ವೈವಾ, ಅಂದ್ರೆ ಕೊನೆಯ ಮೌಖಿಕ ಪರೀಕ್ಷೆ, ಮುಗೀತು. ಇನ್ನು ಹೆಸರಿನ ಎದುರು ಡಾಕ್ಟರ್ ಅಂತ ಹಾಕ್ಬಹುದಂತೆ, ಅಮ್ಮ ಮಾತ್ರ "ಮದ್ದು ಕೊಡುವ ಡಾಕ್ಟ್ರಾಗಿದ್ರೆ ಎಷ್ಟು ಉಪಕಾರ ಇತ್ತು" ಅಂತ ಈಗ್ಲೂ ಹೇಳ್ತಾರೆ. ವಾಟ್ಸಾಪಲ್ಲಿ ಬಂದ ಶುಭಾಶಯಕ್ಕೆಲ್ಲ ಒಂದೊಂದು ಕೈಮುಗಿದ ಇಮೋಜಿ ಹಾಕಿ ಮುಗಿಸಿದ್ದೆ, ರಾತ್ರಿ ಮಲಗಿದ ಮೇಲೆ ಅದು ಸರಿ ಆಗ್ಲಿಲ್ಲ ಅಂತ ಅನ್ನಿಸಿತು, ಹಾಗಾಗಿ ಇದು.

2023ರ ಆಟಿ ತಿಂಗಳಲ್ಲಿ, ಜೋರು ಮಳೆಗಾಲದಲ್ಲಿ, ಅಪ್ಪ ಮಂಗಳೂರಲ್ಲಿ ಐಸಿಯು ಸೇರಿದ್ದು ನಿಮಗೆ ಗೊತ್ತುಂಟು, ಅದನ್ನೆಲ್ಲ ಪುನಃ ಬರೆಯುದಿಲ್ಲ. ಅಪ್ಪ ಈಗ ಜಗಲಿಯಲ್ಲಿ ಕೂತು ಎಡಗೈಯಲ್ಲಿ ಅಡಿಕೆ ಹೆಕ್ಕಿ ಹಾಕ್ತಾರೆ, ಸುಲೀಲಿಕ್ಕೆ ಆಗುದಿಲ್ಲ, ಸುಲಿಯುವವರಿಗೆ ಬೈಲಿಕ್ಕೆ ಧಾರಾಳ ಆಗ್ತದೆ.

ನನ್ನ ಗೈಡ್, ಲೈಬ್ರರಿಯವರು, ಹಾಸ್ಟೆಲಿನ ಮೂವರು ಗೆಳತಿಯರು, ದುಬೈಯಿಂದ ಫೀಸು ಕಳಿಸಿದ ಅಣ್ಣ, ದನ ಕರು ನೋಡಿಕೊಂಡ ಅತ್ತಿಗೆ, ಕನ್ನಡ ಮೀಡಿಯಂನಲ್ಲಿ ಕಲಿತ ಹುಡುಗಿಗೆ ಇಂಗ್ಲಿಷಲ್ಲಿ ಅರ್ಥಶಾಸ್ತ್ರ ಬರೀಲಿಕ್ಕೆ ಆಗ್ತದೆ ಅಂತ ಹತ್ತನೇ ಕ್ಲಾಸಲ್ಲೇ ಹೇಳಿದ ನಮ್ಮ ಗಣಿತದ ಟೀಚರ್, ನಿಮಗೆಲ್ಲ ಒಟ್ಟಿಗೆ ಒಂದು ದೊಡ್ಡ ನಮಸ್ಕಾರ. ಒಂದೇ ವಾಕ್ಯದಲ್ಲಿ ಮುಗಿಸಿದೆ ಅಂತ ಬೇಜಾರು ಮಾಡ್ಕೊಳ್ಬೇಡಿ. ಉಳಿದ ಜಾಗ ಎಲ್ಲ ಒಬ್ಬರಿಗೆ ಬೇಕು.

ಅವರ ಹೆಸರು ಹಾಕುದಿಲ್ಲ. "ಬರಿ, ಹೆಸರು ಬೇಡ" ಅಂತ ಹೇಳಿದ್ದಾರೆ. ಕಾಸರಗೋಡಿನ ಪೆರ್ಲದ ಕಡೆಯವರಿಗೆ ಸರ್ವೆ ಮಾಮ ಅಂದ್ರೆ ಗೊತ್ತಾಗ್ತದೆ. ಸಂಬಂಧದಲ್ಲಿ ನಮಗೆ ಎಂತದೂ ಅಲ್ಲ. ಖಾಸಗಿಯಾಗಿ ಜಾಗ ಅಳೀತಿದ್ದವರು, ಮನೆ ಪಾಲು ಆಗುವಾಗ ಚೈನು ಹಿಡ್ಕೊಂಡು ಬರುವವರು. ನಮ್ಮ ತೋಟ ಪಾಲಾದಾಗ್ಲೂ ಅವರೇ ಅಳೆದದ್ದು, ಬಾವಿ ದೊಡ್ಡಪ್ಪನ ಪಾಲಿಗೆ ಹೋಯ್ತು, ಅಲ್ಲಿಂದ ಮೇಲೆ ಅಪ್ಪ ಸರ್ವೆ ಮಾಮನೊಟ್ಟಿಗೆ ಹದಿನಾಲ್ಕು ವರ್ಷ ಮಾತಾಡ್ಲಿಲ್ಲ. ದಾರಿಯಲ್ಲಿ ಎದುರು ಸಿಕ್ಕಿದ್ರೆ ಅಪ್ಪ ಕೊಡೆ ಅಡ್ಡ ಹಿಡೀತಿದ್ದರು, ಬಿಸಿಲಿದ್ರೂ ಇಲ್ಲದಿದ್ರೂ.

ಆ ರಾತ್ರಿ ಮಂಗಳೂರಿನ ಆಸ್ಪತ್ರೆಯ ಐಸಿಯು ಎದುರಿನ ಬೆಂಚಲ್ಲಿ ನಾನೊಬ್ಬಳೇ. ಅಣ್ಣನಿಗೆ ಟಿಕೆಟ್ ಸಿಕ್ಕಿರ್ಲಿಲ್ಲ, ಅಮ್ಮ ಬಿಪಿ ಏರಿ ಮನೆಯಲ್ಲಿ, ಹೊರಗೆ ಸುರಿಯುವ ಮಳೆ. ಹತ್ತೂವರೆ ಹೊತ್ತಿಗೆ ಒದ್ದೆ ಪಂಚೆ ಎತ್ತಿ ಕಟ್ಟಿಕೊಂಡು, ಕೈಯಲ್ಲಿ ಫ್ಲಾಸ್ಕ್ ಹಿಡ್ಕೊಂಡು ಒಬ್ಬರು ಬಂದು ಪಕ್ಕದಲ್ಲಿ ಕೂತರು. ನೋಡಿದ್ರೆ ಸರ್ವೆ ಮಾಮ. "ಕೊನೆ ಬಸ್ಸು ಸಿಕ್ಕಿತು" ಅಂದರು, ಅಷ್ಟೆ. ಯಾಕೆ ಬಂದ್ರಿ ಅಂತ ಕೇಳ್ಲಿಕ್ಕೆ ನಂಗೆ ಬಾಯಿ ಬರ್ಲಿಲ್ಲ.

ಗಂಟೆ ಒಂದಾಗಿರ್ಬೇಕು, ನಾನು ಫೋನಲ್ಲಿ ಥೀಸಿಸ್‌ನ ಮೂರನೇ ಅಧ್ಯಾಯ ತಿದ್ದುತ್ತಾ ಇದ್ದೆ. ಇದನ್ನು ಬರೀಬೇಕೋ ಬೇಡವೋ ಗೊತ್ತಿಲ್ಲ, ಬರೀತೇನೆ. ಆ ಹೊತ್ತಿಗೆ ನಂಗೆ ಒಂದು ಕ್ಷಣ ಅನ್ನಿಸಿದ್ದು ಎಂತ ಅಂದ್ರೆ, ಅಪ್ಪ ಹೋಗಿಬಿಟ್ರೆ ಇದೆಲ್ಲ ಮುಗೀತದೆ, ಅಧ್ಯಾಯ ಕೊಡುವ ಡೇಟಿಗೆ ಕೊಡ್ಬಹುದು ಅಂತ. ಒಳಗೆ ಮಲಗಿದವರು ನನ್ನ ಅಪ್ಪ. ಅನ್ನಿಸಿದ ಕೂಡ್ಲೇ ಕೈ ಎಲ್ಲ ತಣ್ಣಗಾಗಿ ಫೋನು ಕೆಳಗೆ ಬಿತ್ತು, ನಾನು ಅಳ್ಲಿಕ್ಕೆ ಶುರು ಮಾಡಿದೆ, ಯಾರಿಗೂ ಹೇಳ್ಲಿಕ್ಕಾಗದ ವಿಷಯಕ್ಕೆ ಅಳುವಾಗ ಶಬ್ದವೇ ಬರುದಿಲ್ಲ. ಮಾಮ ಫೋನು ಹೆಕ್ಕಿ ಒರೆಸಿ ಕೊಟ್ಟು, ಸಮಾಧಾನ ಎಂತದೂ ಹೇಳದೆ, "ಇದೆಂತ ಬರೀತಿದ್ದಿ, ಕೋಟಾ ಕೋಟಾ ಅಂತ ಉಂಟಲ್ಲ, ಸೀಟಿನದ್ದಾ?" ಅಂತ ಕೇಳಿದರು.

ಈ ಪ್ರಶ್ನೆ ನಂಗೆ ಹೊಸತಲ್ಲ. ಐಎಂಎಫ್ (ಅಂತಾರಾಷ್ಟ್ರೀಯ ಹಣಕಾಸು ನಿಧಿ) ಕೋಟಾ ಮೇಲೆ ಪಿಎಚ್‌ಡಿ ಅಂದ್ರೆ ಊರಲ್ಲಿ ಅರ್ಧ ಜನ ಮೆಡಿಕಲ್ ಸೀಟಿನ ವಿಷಯ ಕೇಳ್ತಿದ್ದರು, ಒಬ್ಬರಂತೂ ಮಗಳ ಮಾರ್ಕ್ಸ್ ಕಾರ್ಡ್ ತಕೊಂಡು ಮನೆಗೇ ಬಂದಿದ್ದರು. ಹಾಗಲ್ಲ ಮಾಮ, ಪ್ರಪಂಚದ ದೇಶಗಳೆಲ್ಲ ಸೇರಿ ದುಡ್ಡು ಹಾಕಿದ ಒಂದು ನಿಧಿ, ಯಾರ ಪಾಲು ಎಷ್ಟು ಅಂತ ನಿಗದಿ ಮಾಡುದಕ್ಕೆ ಕೋಟಾ ಅಂತಾರೆ, ಪಾಲು ಜಾಸ್ತಿ ಇದ್ರೆ ಓಟು ಜಾಸ್ತಿ, ಕಷ್ಟಕ್ಕೆ ಸಿಗುವ ಸಾಲವೂ ಜಾಸ್ತಿ ಅಂತ ಹೇಳಿದೆ. "ಓ, ಪಾಲುಪಟ್ಟಿ" ಅಂದರು. ಮೂರು ವರ್ಷ ಇಂಗ್ಲಿಷಲ್ಲಿ ಒದ್ದಾಡಿದ್ದಕ್ಕೆ ಒಂದು ಶಬ್ದ ಸಿಕ್ಕಿತು ನಂಗೆ.

ಆಮೇಲೆ ಅವರು ಕಿಸೆಯಿಂದ ಮೆಡಿಕಲ್ ಶಾಪಿನ ಬಿಲ್ಲು ತೆಗೆದು ಹಿಂದೆ ಮಾಡಿ, ಪೆನ್ನು ಕೊಟ್ಟು, "ಸೂತ್ರ ಬರಿ" ಅಂದರು. ಬರೆದೆ. ಜಿಡಿಪಿಗೆ 50%, ಓಪನ್‌ನೆಸ್‌ಗೆ ಅಂದ್ರೆ ಗಡಿ ದಾಟಿ ಬರುವ ಹೋಗುವ ವ್ಯವಹಾರಕ್ಕೆ 30%, ಹೊರಗಿಂದ ಬರುವ ದುಡ್ಡಿನ ಏರಿಳಿತಕ್ಕೆ 15%, ವಿದೇಶಿ ವಿನಿಮಯದ ದಾಸ್ತಾನಿಗೆ 5%, ಎಲ್ಲ ಕೂಡಿಸಿ 0.95 ಘಾತಕ್ಕೆ ಏರಿಸುದು, ದೊಡ್ಡವರದ್ದು ಚೂರು ಕುಗ್ಗಿ ಸಣ್ಣವರದ್ದು ಚೂರು ಹಿಗ್ಗುವ ಹಾಗೆ. ಇದು 2008ರ ಸೂತ್ರ. ಜಿಡಿಪಿಯೂ ಕಲಬೆರಕೆ, ಪೇಟೆ ವಿನಿಮಯ ದರದ್ದು 60%, ಪಿಪಿಪಿಯದ್ದು, ಅಂದ್ರೆ ಆಯಾ ದೇಶದ ಬೆಲೆಮಟ್ಟಕ್ಕೆ ಹೊಂದಿಸಿದ ಲೆಕ್ಕದ್ದು, 40%. ಪಿಪಿಪಿಯಲ್ಲಿ ಹಿಡಿದ್ರೆ ಭಾರತ ಪ್ರಪಂಚಕ್ಕೇ ಮೂರನೇದು, ಆದ್ರೆ ನಮ್ಮ ಕೋಟಾ ಇರುದು 2.75%, ಎಂಟನೇ ಜಾಗ.

ಮಾಮ ಬೆರಳಿಟ್ಟದ್ದು 30%ದ ಮೇಲೆ. "ಗಡಿ ದಾಟಿದ್ರೆ ಲೆಕ್ಕ, ದಾಟದಿದ್ರೆ ಲೆಕ್ಕ ಇಲ್ಲವಾ? ಹಾಗಾದ್ರೆ ನಾವು ಅಡಿಕೆ ತಕೊಂಡು ತಲಪಾಡಿ ದಾಟುದು?" ಅದಕ್ಕೆ ಲೆಕ್ಕ ಇಲ್ಲ ಮಾಮ, ಅದು ಕೇರಳ-ಕರ್ನಾಟಕದ ಗಡಿ, ದೇಶದ ಒಳಗೆ, ಬೆಲ್ಜಿಯಂನಿಂದ ನೆದರ್ಲೆಂಡಿಗೆ ಲಾರಿ ಹೋದ್ರೆ ಲೆಕ್ಕ ಉಂಟು, ಇಬ್ಬರದ್ದೂ ಯೂರೋನೇ ಆದ್ರೂ. ಅದೂ ಒಟ್ಟು ಮೊತ್ತ, ಆಚೆಯಿಂದ ತಂದ ಸಾಮಾನನ್ನೇ ಸ್ವಲ್ಪ ಕೆತ್ತಿ ಈಚೆ ಮಾರಿದ್ರೂ ಪೂರ್ತಿ ಬೆಲೆ ಎರಡೂ ಸಲ ಬೀಳ್ತದೆ. "ಎಂಥ ಕರ್ಮ, ಲಾಕ್‌ಡೌನಲ್ಲಿ ಮಣ್ಣು ರಾಶಿ ಹಾಕಿ ಮುಚ್ಚುವಾಗ ತಲಪಾಡಿ ಗಡಿ, ಲೆಕ್ಕಕ್ಕೆ ಬರುವಾಗ ಗಡಿ ಅಲ್ಲ" ಅಂದರು. ಐಸಿಯು ಎದುರು ಕೂತು ನಾನು ನಕ್ಕೆ. ನರ್ಸ್ ಹೊರಗೆ ಬಂದು ನೋಡಿದರು.

ನಂತರ 1944ರ ಕತೆ ಹೇಳಿದೆ. ಐಎಂಎಫ್ ಹುಟ್ಟಿದ ಬ್ರೆಟನ್ ವುಡ್ಸ್ ಸಭೆಗೆ ಮೊದಲೇ ಅಮೆರಿಕದ ಖಜಾನೆ ಇಲಾಖೆಯ ಹ್ಯಾರಿ ಡೆಕ್ಸ್ಟರ್ ವೈಟ್ ತನ್ನ ಕೈಕೆಳಗಿನ ರೇಮಂಡ್ ಮೈಕ್‌ಸೆಲ್‌ನ ಹತ್ರ, ಅಮೆರಿಕಕ್ಕೆ ಇಷ್ಟು, ಬ್ರಿಟನ್ನಿಗೆ ಅದರ ಅರ್ಧದಷ್ಟು, ಆಮೇಲೆ ಸೋವಿಯತ್, ಆಮೇಲೆ ಚೀನಾ, ಹಾಗೆ ಬರುವ ಸೂತ್ರ ಮಾಡು ಅಂತ ಹೇಳಿದ್ದು. ರಾಷ್ಟ್ರೀಯ ಆದಾಯ, ಚಿನ್ನ ಮತ್ತೆ ಡಾಲರ್, ಆಮದು, ರಫ್ತಿನ ಏರಿಳಿತ, ಎಲ್ಲ ತಿರುಗಿಸಿ ಮುರುಗಿಸಿ ಆತ ಉತ್ತರ ಬರಿಸಿದ. ನಮಗೆ ಸಿಕ್ಕಿದ್ದು 40 ಕೋಟಿ ಡಾಲರ್, ಆರನೇದು, ಸೋವಿಯತ್ ಸೇರದ್ದರಿಂದ ಐದನೇದು ಆಯ್ತು. ಇದನ್ನು ನಾನು ಅಧ್ಯಾಯದಲ್ಲಿ ಒಂದು ಹಳೇ ತಮಾಷೆ ಅನ್ನುವ ಹಾಗೆ ಎರಡು ಸಾಲಲ್ಲಿ ಮುಗಿಸಿದ್ದೆ.

ಮಾಮ ಬಹಳ ಹೊತ್ತು ಸುಮ್ಮನಿದ್ದರು. ಫ್ಲಾಸ್ಕಿನ ಮುಚ್ಚಳಕ್ಕೆ ಚಾ ಬಗ್ಗಿಸಿ ನಂಗೆ ಕೊಟ್ಟು, "ನಿಮ್ಮ ತೋಟವೂ ಹಾಗೇ" ಅಂದರು.

ಅಳೀಲಿಕ್ಕೆ ಬರುವ ಮೊದಲೇ ದೊಡ್ಡವರು ಮೂರ್ನಾಲ್ಕು ಜನ ಕೂತು ಬಾವಿ ದೊಡ್ಡಪ್ಪನಿಗೆ ಅಂತ ಮಾತಾಡಿ ಆಗಿತ್ತಂತೆ. ಇವರ ಹತ್ರ ಹೇಳಿದ್ದು ಇಷ್ಟೇ, ಮರ ಲೆಕ್ಕ ಮಾಡಿ ಸಮಪಾಲು ಮಾಡಿ ಅಂತ. ಅಪ್ಪನ ಕಡೆ ಇದ್ದದ್ದು ಮುದಿ ಮರ, ಅರ್ಧಕ್ಕರ್ಧ ಫಲ ಬಿಡದ್ದು. ಫಸಲು ಲೆಕ್ಕ ಹಿಡಿದಿದ್ರೆ ಅಪ್ಪನಿಗೆ ಇನ್ನೂ ಜಾಗ ಬರ್ಬೇಕಿತ್ತು, ಗೆರೆ ಬಾವಿ ದಾಟಿ ಆಚೆ ಹೋಗ್ತಿತ್ತು. ತಲೆ ಲೆಕ್ಕ ಹಿಡಿದದ್ದರಿಂದ ಗೆರೆ ಬಾವಿಯಿಂದ ಈಚೆಗೇ ನಿಂತಿತು. "ನಾನು ಅಳೆದದ್ದರಲ್ಲಿ ಒಂದು ಇಂಚು ತಪ್ಪಿಲ್ಲ ಮಗಾ. ಯಾವುದನ್ನು ಅಳೆಯುದು ಅಂತ ಅವರು ಹೇಳಿದರು, ನಂಗೂ ಗೊತ್ತಾಯ್ತು, ನಾನು ಸುಮ್ಮನಿದ್ದೆ. ನನ್ನ ಚೈನು ಯಾವಾಗ್ಲೂ ಮಾತುಕತೆ ಮುಗಿದ ಮೇಲೆಯೇ ಬರುದು." ಇದನ್ನು ಅಪ್ಪನ ಹತ್ರ ಹೇಳ್ಬೇಕು ಅಂತ ಬಂದದ್ದಂತೆ, ಒಳಗೆ ಬಿಡ್ಲಿಲ್ಲ, ಹಾಗಾಗಿ ನನ್ನ ಹತ್ರ ಹೇಳಿದರು. ಆಮೇಲೆ ನಾನೂ ನನ್ನದನ್ನು ಹೇಳಿದೆ, ಆ ಒಂದು ಕ್ಷಣದ್ದನ್ನು. ಅವರು "ಹೂಂ" ಅಂದರು, ನನ್ನ ಕೈಯಿಂದ ಮುಚ್ಚಳ ತಕೊಂಡು ಪುನಃ ಚಾ ಹಾಕಿದರು. ಬೆಳಿಗ್ಗೆ ಅಣ್ಣ ವಿಮಾನ ಇಳಿದು ಬರುವವರೆಗೆ ಅವರು ಬೆಂಚಿನಿಂದ ಎದ್ದದ್ದು ಎರಡು ಸಲ, ಎರಡು ಸಲವೂ ಮದ್ದು ತರ್ಲಿಕ್ಕೆ.

ಮೂರನೇ ಅಧ್ಯಾಯ ಪೂರ್ತಿ ಬಿಸಾಡಿ ಹೊಸತು ಬರೆದೆ. ಮೈಕ್‌ಸೆಲ್ ಈಗ ಮೊದಲ ಪುಟದಲ್ಲೇ ಇದ್ದಾನೆ.

ಅದೇ ವರ್ಷ ಡಿಸೆಂಬರಲ್ಲಿ ಐಎಂಎಫ್‌ನ 16ನೇ ಕೋಟಾ ಪರಿಶೀಲನೆ ಮುಗೀತು, ಎಲ್ಲರ ಕೋಟಾ 50% ಏರಿಸುವ ತೀರ್ಮಾನ ಆಯ್ತು, ಅದೂ ಅವರವರ ಈಗಿನ ಪಾಲಿನ ಪ್ರಕಾರವೇ. ಅಂದ್ರೆ ಯಾರ ಪಾಲೂ ಕೂದಲೆಳೆಯಷ್ಟೂ ಬದಲಾಗ್ಲಿಲ್ಲ. ಮಾಮನಿಗೆ ಫೋನ್ ಮಾಡಿ ಹೇಳಿದೆ, "ತೋಟ ಒಂದೂವರೆ ಪಟ್ಟು, ಗಡಿಕಲ್ಲು ಅಲ್ಲೇ" ಅಂದರು. ಹೊಸ ಸೂತ್ರವೂ ಸೇರಿ ಪಾಲು ಸರಿಮಾಡುವ ದಾರಿ ಹುಡುಕ್ಲಿಕ್ಕೆ 2025ರ ಜೂನ್ ಗಡುವು ಇಟ್ಟಿದ್ದರು, ಆ ಜೂನೂ ಹೋಯ್ತು, ಸೂತ್ರ 2008ರದ್ದೇ.

ಬೈಂಡ್ ಆದ ಥೀಸಿಸ್ ತಕೊಂಡು ಮೊನ್ನೆ ಶನಿವಾರ ಅವರ ಮನೆಗೆ ಹೋಗಿದ್ದೆ. ಕನ್ನಡಕ ಹಾಕಿ ಕೋಷ್ಟಕ ಇದ್ದ ಪುಟಗಳನ್ನು ಮಾತ್ರ ನೋಡಿದರು, ಒಂದು ಕಡೆ ಕೂಡಿಸಿದ್ರೆ 99.9 ಬರ್ತದೆ ಅಂತ ತೋರಿಸಿದರು (ಪರೀಕ್ಷಕರು ಇಬ್ಬರಿಗೂ ಅದು ಕಂಡಿರ್ಲಿಲ್ಲ). ನೀನು ಎಂತ ಮಾಡ್ಬೇಕು ಅಂತ ಬರ್ದದ್ದು ಅಂತ ಕೇಳಿದರು. ಏರಿಳಿತದ 15% ತೆಗೀಬೇಕು, ಗಡಿ ದಾಟಿದ ವ್ಯವಹಾರವನ್ನು ಒಟ್ಟು ಮೊತ್ತದ ಬದಲು ಅಲ್ಲೇ ಸೇರಿದ ಮೌಲ್ಯಕ್ಕೆ ಮಾತ್ರ ಹಿಡೀಬೇಕು, ಪಿಪಿಪಿ ತೂಕ ಏರಿಸ್ಬೇಕು, ಎಲ್ಲ ದೇಶಗಳಿಗೂ ಸಮವಾಗಿ ಹಂಚುವ, ಬಡ ಸಣ್ಣ ದೇಶಗಳಿಗೆ ಉಪಕಾರ ಆಗುವ ಮೂಲ ಓಟು ಈಗ ಒಟ್ಟಿನ 5.502% ಉಂಟು, ಅದನ್ನು ಜಾಸ್ತಿ ಮಾಡ್ಬೇಕು ಅಂತ ಹೇಳಿದೆ.

"ಒಪ್ಪಬೇಕಾದವರು ಯಾರು?"

ಕೋಟಾ ಬದಲಿಸ್ಲಿಕ್ಕೆ 85% ಓಟು ಬೇಕು ಮಾಮ, ಅಮೆರಿಕ ಒಂದರ ಕೈಯಲ್ಲೇ ಸುಮಾರು 16.5% ಉಂಟು. 2010ರಲ್ಲಿ ಒಪ್ಪಿದ ಬದಲಾವಣೆ ಅವರ ಕಾಂಗ್ರೆಸ್ಸಲ್ಲಿ ಸಿಕ್ಕಿ ಬಿದ್ದು, ಜಾರಿಗೆ ಬಂದದ್ದು 2016ರ ಜನವರಿಯಲ್ಲಿ.

"ಹಾಗಾದ್ರೆ ಬಾವಿ ಅವರದ್ದೇ" ಅಂತ ಹೇಳಿ ಪುಸ್ತಕ ಮುಚ್ಚಿ ಕೊಟ್ಟರು.

ಆ ಬಿಲ್ಲು ನನ್ನ ಹತ್ರ ಈಗ್ಲೂ ಉಂಟು, ಸೂತ್ರ ಮಾಸಿದೆ, ಚಾದ ಕಲೆ ಹಾಗೇ ಉಂಟು. ಮನೆಗೆ ಬಂದು ಅದನ್ನು ತಿರುಗಿಸಿ ನೋಡಿದೆ, ಇಷ್ಟು ದಿನ ನೋಡಿರ್ಲೇ ಇಲ್ಲ. ಅಪ್ಪನ ಹೆಸರು, ಆ ರಾತ್ರಿಯ ಇಂಜೆಕ್ಷನ್, 4,260 ರೂಪಾಯಿ, ಕ್ಯಾಶ್. ಅಣ್ಣ ಎಲ್ಲ ಬಿಲ್ಲು ಕಟ್ಟಿದ್ದಾನೆ ಅಂತ ನಾವು ತಿಳ್ಕೊಂಡದ್ದು. ಮರುದಿನ ದುಡ್ಡು ಕೊಡ್ಲಿಕ್ಕೆ ಹೋದ್ರೆ ತಕೊಳ್ಳಲಿಲ್ಲ, "ಇರ್ಲಿ, ಆಚೆ ಕೊಟ್ಟಿಗೆಗೆ ಒಂದು ಕೊಡಪಾನ ನೀರು ಇಡು" ಅಂದರು, ಇಟ್ಟು ಬಂದೆ.

ಬರುವ ಆದಿತ್ಯವಾರ ಮಧ್ಯಾಹ್ನ ನಮ್ಮಲ್ಲಿ ಊಟ ಇಟ್ಟುಕೊಂಡಿದ್ದೇವೆ, ಹೋಳಿಗೆ ಉಂಟು, ಓದಿದವರೆಲ್ಲ ಬರ್ಬೇಕು. ದೊಡ್ಡಪ್ಪ ಈಗಿಲ್ಲ, ಅವರ ಮಕ್ಕಳಿಗೆ ಇದನ್ನು ಮೊದಲೇ ಓದಿ ಹೇಳಿದ್ದೇನೆ, ನೀರಿನ ಪೈಪು ಆಚೆಯಿಂದ ಅವರೇ ಎಳೆದು ಕೊಡ್ತಾರಂತೆ. ಮಾಮನನ್ನು ಕರೀಲಿಕ್ಕೆ ನಾನು ಹೊರಡುವಾಗ ಅಪ್ಪ, ನಾನೇ ಫೋನ್ ಮಾಡ್ತೇನೆ ಅಂತ ಕೈ ಸನ್ನೆ ಮಾಡಿದರು. ನಂಬರ್ ಒತ್ತಿ ಕಿವಿಗೆ ಹಿಡಿದುಕೊಟ್ಟೆ. ಅಪ್ಪನ ಮಾತು ಈಗ ಸ್ವಲ್ಪ ತೊದಲ್ತದೆ, ಆಚೆಯವರಿಗೆ ಎಷ್ಟು ಅರ್ಥ ಆಯ್ತೋ. ಹನ್ನೊಂದು ನಿಮಿಷ ಮಾತಾಡಿದರು.

ಪೆರ್ಲದಲ್ಲಿ ಬಸ್ಸಿಳಿದು ಫೋನ್ ಮಾಡಿ, ಜೀಪು ಕಳಿಸ್ತೇವೆ.