ಹನ್ನೊಂದು ಸಾವಿರವನ್ನು ನಂಬದವರಿಗೆ

ರಕ್ತಕಣ ಎಣಿಸುವ ಯಂತ್ರ ಕಟ್ಟಿದ ಕೌಲ್ಟರ್ ಕಂಪನಿಯ ಚರಿತ್ರೆಯನ್ನು ನಿನ್ನೆ ರಾತ್ರಿ ಬರೆದು ಮುಗಿಸಿದೆ. ಎರಡು ವರ್ಷ ಹಿಡಿಯಿತು. ಅದಕ್ಕೂ ಮುಂಚೆ ನನ್ನ ತಮ್ಮ ಕಾಯಿಲೆ ಬಿದ್ದು ಆಸ್ಪತ್ರೆ ಸೇರಿದ್ದ, ಆ ಕಥೆಯನ್ನೆಲ್ಲ ಮತ್ತೆ ಕೆದಕುವುದಿಲ್ಲ. ನನ್ನ ಹಸ್ತಪ್ರತಿಯ ಕಾಗುಣಿತದ ತಪ್ಪುಗಳನ್ನು ಎಣಿಸಿ ಹಂಗಿಸುವಷ್ಟು ಅವನು ಈಗ ಚೆನ್ನಾಗಿದ್ದಾನೆ.

ಹಳೆಯ ಲೇಖನಗಳನ್ನು ಹುಡುಕಿ ಕಳಿಸಿದ ಗೆಳೆಯರು, ವಿದ್ಯುತ್ ನಿರೋಧ ಎಂದರೇನೆಂದು ಮೂರು ಸಲ ಬೇಸರಿಸದೆ ಹೇಳಿಕೊಟ್ಟ ಭೌತಶಾಸ್ತ್ರದ ಮೇಷ್ಟ್ರು, ಆಸ್ಪತ್ರೆಯಲ್ಲಿ ಸರದಿಯ ಮೇಲೆ ಬಂದು ಕುಳಿತ ಬಂಧುಗಳು, ರಕ್ತ ಕೊಟ್ಟವರು, ಎಲ್ಲರಿಗೂ ಕೈ ಮುಗಿಯುತ್ತೇನೆ. ಒಂದೇ ವಾಕ್ಯದಲ್ಲಿ ಮುಗಿಸಿದನೆಂದು ಮುನಿಸಿಕೊಳ್ಳಬೇಡಿ. ಉಳಿದ ಜಾಗ ಒಬ್ಬರಿಗೆ ಬೇಕು.

ಅವರು ರಾತ್ರಿ ಪಾಳಿಯ ಲ್ಯಾಬ್ ಟೆಕ್ನಿಷಿಯನ್. ಹೆಸರು ಹಾಕಬೇಡಿ ಎಂದಿದ್ದಾರೆ. ನಾನು ಅಕ್ಕ ಎನ್ನುತ್ತೇನೆ.

ಆ ರಾತ್ರಿ ವರದಿ ತಡವಾಯಿತೆಂದು ಎರಡು ಗಂಟೆಯ ಹೊತ್ತಿಗೆ ಲ್ಯಾಬಿನ ಕಿಟಕಿಗೆ ಹೋಗಿ ನಿಂತೆ. ಪರದೆಯ ಮೇಲೆ ಪ್ಲೇಟ್‌ಲೆಟ್ (ರಕ್ತ ಹೆಪ್ಪುಗಟ್ಟಲು ನೆರವಾಗುವ ಕಣ) ಹನ್ನೊಂದು ಸಾವಿರ ಎಂದಿತ್ತು. ಕನಿಷ್ಠ ಒಂದೂವರೆ ಲಕ್ಷ ಇರಬೇಕೆಂದು ಅಷ್ಟು ದಿನಗಳಲ್ಲಿ ನನಗೂ ಬಾಯಿಪಾಠವಾಗಿತ್ತು. ಒಂದು ಮಾತು ಹೇಳಬೇಕು, ಇದುವರೆಗೆ ಯಾರಿಗೂ ಹೇಳಿಲ್ಲ. ಅಲ್ಲಿ ನಿಂತೇ ನಾನು ಅಮ್ಮನಿಗೆ ಹೇಳಬೇಕಾದ ವಾಕ್ಯವನ್ನು ಮನಸ್ಸಿನಲ್ಲಿ ಜೋಡಿಸತೊಡಗಿದ್ದೆ. ತಮ್ಮ ಮೇಲಿನ ಮಹಡಿಯಲ್ಲಿ ಉಸಿರಾಡುತ್ತಿದ್ದ. ನಾನು ಕೆಳಗೆ ಪದ ಹುಡುಕುತ್ತಿದ್ದೆ.

ಅಕ್ಕ ನನ್ನ ಮುಖ ನೋಡಲಿಲ್ಲ, ಪರದೆ ನೋಡುತ್ತಿದ್ದರು. "ಒಸಡಿನಲ್ಲಿ ರಕ್ತ ಬಂದಿದೆಯೇ? ಮೈಮೇಲೆ ಕೆಂಪು ಚುಕ್ಕೆಗಳಿವೆಯೇ?" ಎಂದು ಕೇಳಿದರು. ಇಲ್ಲ ಎಂದೆ. ಪ್ಲೇಟ್‌ಲೆಟ್‌ನ ಗಾತ್ರ ತೋರಿಸುವ ನಕ್ಷೆಯ ಗೆರೆ ನುಣ್ಣಗೆ ಇಳಿಯಬೇಕಾದಲ್ಲಿ ಗರಗಸದ ಹಲ್ಲಿನಂತೆ ಏರಿಳಿಯುತ್ತಿರುವುದನ್ನು ಬೆರಳಿಟ್ಟು ತೋರಿಸಿದರು. "ಇದನ್ನು ನಾನು ನಂಬುವುದಿಲ್ಲ" ಎಂದು ವಾರ್ಡಿಗೆ ಫೋನ್ ಮಾಡಿ, ವರದಿಯನ್ನು ತಡೆಹಿಡಿದು, ಒಂದು ಹನಿ ರಕ್ತವನ್ನು ಗಾಜಿನ ಸ್ಲೈಡಿನ ಮೇಲೆ ತೆಳ್ಳಗೆ ಎಳೆದರು.

ಬಣ್ಣ ಹಿಡಿಯಲು ಬಿಟ್ಟ ಆ ಹತ್ತು ನಿಮಿಷದಲ್ಲಿ ಅವರು ಹೇಳಿದ ಕಥೆಯೇ ನನ್ನ ಪುಸ್ತಕದ ಮೊದಲ ಅಧ್ಯಾಯ. ನನ್ನ ಕೈ ನಡುಗುವುದನ್ನು ಕಂಡು ಹೇಳಿದರೋ, ಅವರಿಗೇ ಹೊತ್ತು ಹೋಗಬೇಕಿತ್ತೋ. ಒಂದು ಕಾಲದಲ್ಲಿ ರಕ್ತಕಣಗಳನ್ನು ಸೂಕ್ಷ್ಮದರ್ಶಕದಲ್ಲಿ ಕಣ್ಣಿಟ್ಟು, ಚೌಕ ಚೌಕವಾಗಿ ಎಣಿಸುತ್ತಿದ್ದರಂತೆ. ಶಿಕಾಗೋದ ಒಂದು ನೆಲಮಾಳಿಗೆಯಲ್ಲಿ ವಾಲೇಸ್ ಕೌಲ್ಟರ್ ಎಂಬಾತ ಸಿಗರೇಟ್ ಪೊಟ್ಟಣದ ಸೆಲ್ಲೋಫೇನ್ ಹಾಳೆಗೆ ಕಾಯಿಸಿದ ಸೂಜಿಯಿಂದ ತೂತು ಮಾಡಿದ. ಉಪ್ಪುನೀರಿನಲ್ಲಿ ಕದಡಿದ ರಕ್ತ ಆ ತೂತಿನ ಮೂಲಕ ಹರಿಯುವಾಗ ಎರಡೂ ಬದಿಗೆ ವಿದ್ಯುತ್ ಹಾಯಿಸಿದ. ಒಂದೊಂದು ಕಣ ನುಸುಳಿದಾಗಲೂ ವಿದ್ಯುತ್ತಿಗೆ ಕ್ಷಣಮಾತ್ರ ತಡೆ. ತಡೆ ಎಷ್ಟು ಸಲ ಬಂತೋ ಅಷ್ಟು ಕಣ, ತಡೆ ಎಷ್ಟು ದೊಡ್ಡದೋ ಕಣ ಅಷ್ಟು ದೊಡ್ಡದು. "ಯಂತ್ರಕ್ಕೆ ಗಾತ್ರ ಗೊತ್ತು, ಮುಖ ಗೊತ್ತಿಲ್ಲ" ಎಂದರು ಅಕ್ಕ.

ಆಮೇಲೆ ನನ್ನನ್ನು ಒಳಗೆ ಕರೆದು ಸೂಕ್ಷ್ಮದರ್ಶಕದ ಮುಂದೆ ಕೂರಿಸಿದರು. (ಇದು ನಿಯಮಕ್ಕೆ ಒಪ್ಪುವಂಥದ್ದಲ್ಲ. ಹೆಸರು ಬೇಡವೆಂದದ್ದಕ್ಕೆ ಅದೂ ಒಂದು ಕಾರಣವಿರಬೇಕು.) ಸ್ಲೈಡಿನ ಅಂಚಿನಲ್ಲಿ ನೇರಳೆ ಚುಕ್ಕೆಗಳು ಒಂದಕ್ಕೊಂದು ಅಂಟಿಕೊಂಡು ಗುಂಪು ಗುಂಪಾಗಿ ಬಿದ್ದಿದ್ದವು. ರಕ್ತ ಹೆಪ್ಪುಗಟ್ಟದಿರಲೆಂದು ಕೊಳವೆಯಲ್ಲಿ ಹಾಕಿರುವ ಇಡಿಟಿಎ ಕೆಲವರ ಪ್ಲೇಟ್‌ಲೆಟ್‌ಗಳನ್ನು ಹೀಗೆ ಗಂಟು ಕಟ್ಟಿಸುತ್ತದೆ. ಇಪ್ಪತ್ತು ಅಂಟಿಕೊಂಡರೆ ಯಂತ್ರ ಅದನ್ನು ಒಂದೆಂದು ಎಣಿಸಬಹುದು, ಇಲ್ಲವೇ ದೊಡ್ಡದಾಯಿತೆಂದು ಲೆಕ್ಕದಿಂದಲೇ ಬಿಡಬಹುದು. ಅಕ್ಕ ತಾವೇ ಮೇಲೆ ಹೋಗಿ, ಇಡಿಟಿಎ ಬದಲು ಸಿಟ್ರೇಟ್ ಇರುವ ನೀಲಿ ಮುಚ್ಚಳದ ಕೊಳವೆಯಲ್ಲಿ ರಕ್ತ ತೆಗೆದು ತಂದು, ಅದೇ ಯಂತ್ರಕ್ಕೆ ಕೊಟ್ಟರು. ಸಿಟ್ರೇಟ್ ದ್ರಾವಣದಿಂದ ರಕ್ತ ತೆಳುವಾಗುತ್ತದೆಂದು ಹತ್ತನೇ ಒಂದು ಪಾಲು ಕೂಡಿಸಿ, ಚೀಟಿಯಲ್ಲಿ ಬರೆದು ತೋರಿಸಿದರು: ತೊಂಬತ್ತೆರಡು ಸಾವಿರ.

ನಾನು ಅತ್ತೆ. ಅವರು ಮುಂದಿನ ಕೊಳವೆ ಎತ್ತಿಕೊಂಡರು.

ಆ ತೂತಿನ ಜಾಡು ಹಿಡಿದು ಹೋದದ್ದೇ ಈ ಪುಸ್ತಕ. ವಾಲೇಸ್ 1949ರಲ್ಲಿ ಪೇಟೆಂಟಿಗೆ ಅರ್ಜಿ ಹಾಕುವ ಮುನ್ನ, ತೂತಿಗೆ ಯಾರಾದರೂ ಪೇಟೆಂಟ್ ಕೊಡುತ್ತಾರೆಯೇ ಎಂದು ವಕೀಲರು ತಳ್ಳಿಹಾಕಿಬಿಟ್ಟಿದ್ದರಂತೆ. 1953ರಲ್ಲಿ ಪೇಟೆಂಟ್ ಸಿಕ್ಕಿತು. 1956ರಲ್ಲಿ ಅವನು ಪ್ರಕಟಿಸಿದ ಪ್ರಬಂಧದ ಪ್ರಕಾರ ಯಂತ್ರ ಸೆಕೆಂಡಿಗೆ 6,000ಕ್ಕೂ ಹೆಚ್ಚು ಕಣ ಎಣಿಸುತ್ತಿತ್ತು. 1958ರಲ್ಲಿ ತಮ್ಮ ಜೋಸೆಫ್ ಜೊತೆ ಕೌಲ್ಟರ್ ಎಲೆಕ್ಟ್ರಾನಿಕ್ಸ್ ಕಟ್ಟಿದ, ಮೂರು ವರ್ಷದ ಮೇಲೆ ಫ್ಲಾರಿಡಾಕ್ಕೆ ಹೋದರು. ಅಣ್ಣ ತಮ್ಮ ಎಂಬ ಮಾತು ಬಂದಲ್ಲೆಲ್ಲ ನನ್ನ ಬರವಣಿಗೆ ಅಗತ್ಯಕ್ಕಿಂತ ಉದ್ದವಾಗಿದೆ, ಸಂಪಾದಕರು ಕತ್ತರಿಸಲಿ. ಅವರ 1968ರ ಯಂತ್ರ ಮಾಡೆಲ್ ಎಸ್ ಒಂದೇ ಸಲಕ್ಕೆ ಏಳು ಅಳತೆ ಕೊಡುತ್ತಿತ್ತು. ನಾನು ಮೊದಲು ಹುಡುಕಿದ್ದು ಪ್ಲೇಟ್‌ಲೆಟ್ಟನ್ನು. ಆ ಏಳರಲ್ಲಿ ಅದು ಇರಲಿಲ್ಲ. 1997ರಲ್ಲಿ ಕಂಪನಿಯನ್ನು ಬೆಕ್‌ಮನ್ ಎಂಬ ಇನ್ನೊಂದು ಕಂಪನಿಯವರು ಕೊಂಡರು, ಮರುವರ್ಷ ವಾಲೇಸ್ ತೀರಿಕೊಂಡ. 2011ರಲ್ಲಿ ಅದು ಡ್ಯಾನಹರ್ ಎಂಬ ಕಂಪನಿಯ ಪಾಲಾದದ್ದನ್ನು ಎರಡೇ ಪುಟದಲ್ಲಿ ಮುಗಿಸಿದ್ದೇನೆ. ಷೇರು ವ್ಯವಹಾರ ಬರೆಯುವಾಗ ನನಗೆ ನಿದ್ದೆ ಬರುತ್ತದೆ.

ಹಸ್ತಪ್ರತಿಯನ್ನು ಅಕ್ಕನಿಗೆ ಕೊಟ್ಟಿದ್ದೆ. ಪೆನ್ಸಿಲ್ ಗುರುತು ಒಂದೇ ಕಡೆ. "ಆ ರಾತ್ರಿ ಯಂತ್ರ ತಪ್ಪಿತು" ಎಂದು ಬರೆದಿದ್ದೆ. ಅದನ್ನು ಹೊಡೆದುಹಾಕಿ, ಪಕ್ಕದಲ್ಲಿ ಸಣ್ಣ ಅಕ್ಷರದಲ್ಲಿ ಬರೆದಿದ್ದಾರೆ: "ಅದು ಎಣಿಸಿದ್ದು ಸರಿ. ಕೊಳವೆಯಲ್ಲಿ ಗಂಟಿತ್ತು." ಹಾಗೆಯೇ ತಿದ್ದಿದ್ದೇನೆ.

ಮೊದಲ ಪ್ರತಿ ಅವರದು. ಅಚ್ಚಾಗಿ ಬಂದ ದಿನ, ರಾತ್ರಿ ಪಾಳಿ ಶುರುವಾದ ಮೇಲೆ, ತಮ್ಮನ ಕೈಯಲ್ಲೇ ಕಿಟಕಿಯಲ್ಲಿ ಕೊಡಿಸುತ್ತೇನೆ.