'ಏಳುಕೆರೆ' ಆಟದಿಂದ ಒಂದು ಕಾರ್ಡು ತೆಗೆಯುತ್ತಿದ್ದೇವೆ

ಪ್ರೀತಿಯ ಗ್ರಾಹಕರೇ,

ನಮ್ಮ 'ಏಳುಕೆರೆ' ಆಟದ ಪೆಟ್ಟಿಗೆ ಕೊಂಡವರಿಗೆಲ್ಲ ಈ ಪತ್ರ. ಮುಂದಿನ ಮುದ್ರಣದಿಂದ 'ಮರಳು ಮಂತ್ರ' ಕಾರ್ಡು ಪೆಟ್ಟಿಗೆಯಲ್ಲಿ ಇರುವುದಿಲ್ಲ. ಈಗಾಗಲೇ ಆಟ ಕೊಂಡವರಿಗೆ ಅದರ ಬದಲು ಐದು ಹೊಸ ಕಾರ್ಡು ಮತ್ತು ಹೊಸ ನಿಯಮದ ಪುಸ್ತಕ ಕಳಿಸುತ್ತೇವೆ. ಅದಕ್ಕೆ ದುಡ್ಡು ಬೇಡ, ಅಂಚೆ ಖರ್ಚೂ ನಮ್ಮದೇ. ನಿಮ್ಮಲ್ಲಿ ತುಂಬಾ ಜನಕ್ಕೆ ಆ ಕಾರ್ಡು ಇಷ್ಟ ಅಂತ ನಮಗೆ ಗೊತ್ತು. ಹಾಗಾಗಿ ಯಾಕೆ ತೆಗೆದೆವು ಅಂತ ಬಿಡಿಸಿ ಹೇಳಬೇಕು.

ಪೆಟ್ಟಿಗೆ ತಂದು ಇನ್ನೂ ಬಿಚ್ಚದವರಿಗಾಗಿ ಕಥೆ ಇಷ್ಟು. ಏಳು ಕೆರೆ, ಏಳು ಊರು. ಮೇಲಿನ ಕೆರೆಯಲ್ಲಿ ತೇಲುವ ಒಂದೇ ಒಂದು ಗಳಿಗೆ ಬಟ್ಟಲು ಎಲ್ಲ ಊರಿಗೂ ಹೊತ್ತು ಹೇಳುತ್ತದೆ. ತಳದ ತೂತಿನಿಂದ ನೀರು ಏರಿ ಬಟ್ಟಲು ಮುಳುಗಿದರೆ ಒಂದು ಗಳಿಗೆ ಆಯಿತು ಅಂತ ಲೆಕ್ಕ. ಒಂದು ವರ್ಷ ಮಳೆ ಕೈಕೊಡುತ್ತದೆ. ಬೆಳೆ ಬೇಗ ಕೈಗೆ ಬರಲಿ ಅಂತ ಮಂತ್ರಗಾತಿಯೊಬ್ಬಳು ರಾತ್ರಿ ಕೆರೆಗೆ ಇಳಿದು ಬಟ್ಟಲಿನ ತೂತನ್ನು ಒಂಚೂರು ದೊಡ್ಡದು ಮಾಡುತ್ತಾಳೆ. ಬಟ್ಟಲು ಸೀಳಿಹೋಗುತ್ತದೆ. ಅಂದಿನಿಂದ ಊರಿಗೊಂದು ಕಾಲ. ಮೇಲಿನ ಊರಲ್ಲಿ ಒಲೆ ಮೇಲಿಟ್ಟ ಹಾಲು ಉಕ್ಕುವಷ್ಟರಲ್ಲಿ ಕೆಳಗಿನ ಊರಲ್ಲಿ ಮೂರು ಸುಗ್ಗಿ ಮುಗಿದಿರುತ್ತದೆ. ನೀರಿಗೆ ಅಂತ ಇಳಿದು ಹೋದ ಮಗಳು ಕೊಡ ಹೊತ್ತು ಹತ್ತಿ ಬಂದಾಗ ತಾಯಿಗಿಂತ ವಯಸ್ಸಾದವಳು.

'ಮರಳು ಮಂತ್ರ' ಸಿಕ್ಕವರು ಇದನ್ನೆಲ್ಲ ಬಟ್ಟಲು ಸೀಳುವ ಮುಂಚಿನ ರಾತ್ರಿಗೆ ತಿರುಗಿಸಬಹುದಿತ್ತು. ಸೋಲುತ್ತಿರುವವರಿಗೆ ಒಂದು ಆಸರೆ ಇರಲಿ ಅಂತ ಇಟ್ಟಿದ್ದೆವು. ಒಳ್ಳೆಯ ಮನಸ್ಸಿನಿಂದಲೇ ಇಟ್ಟಿದ್ದು.

ಕಳೆದ ಬೇಸಿಗೆಯಲ್ಲಿ ಒಂದು ಭಾನುವಾರ ನಮ್ಮ ಅಂಗಡಿಯ ಹಿಂದಿನ ಕೋಣೆಯಲ್ಲಿ ಐದು ಜನ ಕೂತು ಆಡುತ್ತಿದ್ದರು. ಅವರಲ್ಲಿ ಹನ್ನೊಂದು ವರ್ಷದ ಹುಡುಗಿಯೊಬ್ಬಳು ನೀರಿಗೆ ಹೋದ ಮಗಳ ಪಾತ್ರ ತಗೊಂಡಿದ್ದಳು. ಮೂರು ವಾರದಿಂದ ಅದೇ ಆಟ ನಡೆದಿತ್ತು. ಕೆಳಗಿನ ಊರಲ್ಲಿ ಅವಳ ನಲವತ್ತು ವರ್ಷ ಕಳೆದಿತ್ತು. ಅಲ್ಲಿ ಮನೆ ಕಟ್ಟಿದ್ದಳು, ಇಬ್ಬರು ಮಕ್ಕಳನ್ನು ಸಾಕಿದ್ದಳು. ಮಕ್ಕಳಿಗೆ ಹೆಸರಿಟ್ಟು, ಸಣ್ಣ ರಟ್ಟಿನ ಚೂರುಗಳ ಮೇಲೆ ಪೆನ್ಸಿಲ್‌ನಲ್ಲಿ ಬರೆದುಕೊಂಡಿದ್ದಳು. ಆಗ ಎದುರಿಗಿದ್ದವರು 'ಮರಳು ಮಂತ್ರ' ಹಾಕಿದರು. ಎಲ್ಲರೂ ಚಪ್ಪಾಳೆ ತಟ್ಟಿದರು. ಅವಳು ಮಾತ್ರ ಆ ಎರಡು ಚೂರು ಕೈಯಲ್ಲಿ ಹಿಡಿದುಕೊಂಡು, "ಹಾಗಾದ್ರೆ ಇವರು?" ಅಂದಳು.

ನಮ್ಮ ನಿಯಮದ ಪುಸ್ತಕದಲ್ಲಿ ಅದಕ್ಕೆ ಉತ್ತರ ಇರಲಿಲ್ಲ. ತಿರುಗಿಸಿದರೆ ಎಲ್ಲ ಸರಿಹೋಗುತ್ತೆ ಅಂದುಕೊಂಡಿದ್ದೆವು. ಆ ಮಕ್ಕಳನ್ನು ಅಳಿಸಿಹಾಕಿದವರು ನಾವೇ ಅಂತ ಹೊಳೆದಿರಲಿಲ್ಲ.

ಆ ವಾರ ಭಾಗವತದ ಒಂಬತ್ತನೇ ಸ್ಕಂಧದಲ್ಲಿರುವ ಕಕುದ್ಮಿಯ ಕಥೆಯನ್ನು ಮತ್ತೆ ತೆಗೆದು ಓದಿದೆವು. ಕುಶಸ್ಥಲಿಯ ರಾಜ ಅವನು. ಮಗಳು ರೇವತಿಗೆ ಗಂಡು ಯಾರು ಅಂತ ಕೇಳಲು ಅವಳನ್ನು ಕರೆದುಕೊಂಡು ಬ್ರಹ್ಮಲೋಕಕ್ಕೆ ಹೋಗುತ್ತಾನೆ. ಅಲ್ಲಿ ಗಂಧರ್ವರ ಹಾಡು ನಡೆದಿರುತ್ತದೆ. ಮುಗಿಯಲಿ ಅಂತ ಸ್ವಲ್ಪ ಹೊತ್ತು ಕಾಯುತ್ತಾನೆ, ಅಷ್ಟೇ. ಅಷ್ಟರಲ್ಲಿ ಭೂಮಿಯಲ್ಲಿ 27 ಚತುರ್ಯುಗ ಕಳೆದಿರುತ್ತದೆ. ಒಂದು ಚತುರ್ಯುಗಕ್ಕೆ 43,20,000 ವರ್ಷ, ಲೆಕ್ಕ ಹಾಕಿ ನೋಡಿ. ಅವನು ಮನಸ್ಸಿನಲ್ಲಿಟ್ಟುಕೊಂಡಿದ್ದ ಗಂಡುಗಳಿರಲಿ, ಅವರ ಮೊಮ್ಮಕ್ಕಳ ಹೆಸರೂ ಕೇಳಿಬರುತ್ತಿಲ್ಲ ಅನ್ನುತ್ತಾನೆ ಬ್ರಹ್ಮ. ನಮ್ಮನ್ನು ತಡೆದು ನಿಲ್ಲಿಸಿದ್ದು ಮುಂದಿನ ಮಾತು. ಹಿಂದಿನ ಕಾಲ ವಾಪಸ್ ಕೊಡು ಅಂತ ಕಕುದ್ಮಿ ಕೇಳುವುದಿಲ್ಲ. ಕೊಡುತ್ತೇನೆ ಅಂತ ಬ್ರಹ್ಮನೂ ಹೇಳುವುದಿಲ್ಲ. ಬಲರಾಮನಿದ್ದಾನೆ, ಅವನಿಗೆ ಕೊಡು ಅನ್ನುತ್ತಾನೆ. ರಾಜ ಇಳಿದು ಬಂದು ಮಗಳ ಮದುವೆ ಮಾಡಿ, ಬದರಿಗೆ ತಪಸ್ಸಿಗೆ ಹೋಗುತ್ತಾನೆ. ಜಪಾನಿನ ಬೆಸ್ತ ಉರಾಶಿಮಾ ತಾರೋ ಕಥೆಯಲ್ಲೂ ಹಾಗೇ. ಸಮುದ್ರದಡಿಯ ಅರಮನೆಯಿಂದ ಊರಿಗೆ ಬಂದರೆ ನೂರಾರು ವರ್ಷ ಹೋಗಿರುತ್ತದೆ, ಹೋದದ್ದು ಹೋದದ್ದೇ.

ಹೊಸ ಐದು ಕಾರ್ಡುಗಳು ಹುಟ್ಟಿದ್ದು ಹೀಗೆ. ಒಂದರಲ್ಲೂ ಕಾಲ ಹಿಂದಕ್ಕೆ ಹೋಗುವುದಿಲ್ಲ. ಒಂದರಿಂದ ಎರಡು ಊರಿನ ನಡುವೆ ಕಾಗದ ಕಳಿಸಬಹುದು, ಆದರೆ ಅದು ಮೊಮ್ಮಗಳ ಕೈಗೆ ಸಿಗಬಹುದು. ನನಗೆ ಜಾಸ್ತಿ ಇಷ್ಟವಾದದ್ದು 'ಬಡ್ಡಿ' ಕಾರ್ಡು. ಕೆಳಗಿನ ಊರಿನವನು ಮೇಲಿನ ಊರಿನವನಿಂದ ಸಾಲ ತಂದಿದ್ದಾನೆ. ಬಡ್ಡಿ ಯಾವ ಊರಿನ ಕಾಲಕ್ಕೆ? ಆಟಗಾರರೇ ಪಂಚಾಯ್ತಿ ಕೂತು ತೀರ್ಮಾನ ಮಾಡಬೇಕು. ಇದು ಸುಮ್ನೆ ಕಲ್ಪನೆ ಅಲ್ಲ. 1582ರಲ್ಲಿ ಇಟಲಿ, ಸ್ಪೇನ್‌ಗಳಲ್ಲಿ ಪಂಚಾಂಗ ತಿದ್ದಿದಾಗ ಅಕ್ಟೋಬರ್ 4ರ ಮಾರನೇ ದಿನವೇ 15 ಆಯಿತು. 2011ರಲ್ಲಿ ಸಮೋವಾ ದೇಶ ದಿನರೇಖೆಯ, ಅಂದರೆ ಭೂಪಟದಲ್ಲಿ ತಾರೀಖು ಬದಲಾಗುವ ಗೆರೆಯ, ಆಚೆಗೆ ಸರಿದಾಗ ಡಿಸೆಂಬರ್ 30 ಬರಲೇ ಇಲ್ಲ. ಹಾಗೆ ಮಾಯವಾದ ದಿನದ ಬಾಡಿಗೆ, ಕೂಲಿ ಏನು ಅನ್ನೋದು ನಿಜವಾದ ಪ್ರಶ್ನೆ ಅಲ್ವಾ?

ಹಳೆಯ ಕಾರ್ಡು ವಾಪಸ್ ಕೊಡಬೇಕಿಲ್ಲ. ಅದರ ಜೊತೆಗೇ ಆಡುತ್ತೇವೆ ಅಂದರೆ ಆಡಿ, ಪೆಟ್ಟಿಗೆ ನಿಮ್ಮದು. ಅರ್ಧ ಆಟದಲ್ಲಿದ್ದರೆ ಅದನ್ನು ಹಳೆಯ ನಿಯಮದಲ್ಲೇ ಮುಗಿಸಿ. ಹೊಸ ಕಾರ್ಡು ಬೇಕಾದವರು ಪೆಟ್ಟಿಗೆ ಮುಚ್ಚಳದ ಒಳಗಿನ ಅಂಕಿ ಬರೆದು ಕಳಿಸಿದರೆ ಸಾಕು. ಈ ಕಾರ್ಡಿಗೋಸ್ಕರವೇ ಆಟ ಕೊಂಡಿದ್ದೆವು ಅನ್ನುವವರು ಪೆಟ್ಟಿಗೆ ವಾಪಸ್ ಕೊಟ್ಟರೆ ಪೂರ್ತಿ ಹಣ ಕೊಡುತ್ತೇವೆ. ಮುಂಚೆಯೇ ಯೋಚಿಸಿ ಮಾಡಬೇಕಿದ್ದ ಕೆಲಸ ಇದು. ತಡವಾಗಿದ್ದಕ್ಕೆ ಕ್ಷಮಿಸಿ.

ಇನ್ನೊಂದು ಮಾತು. ಪೆಟ್ಟಿಗೆಯಲ್ಲಿರುವ ತಾಮ್ರದ ಗಳಿಗೆ ಬಟ್ಟಲು ಮುಳುಗುವುದು ತಡವಾಗುತ್ತಿದೆ ಅಂತ ಕೆಲವರು ಬರೆದಿದ್ದೀರಿ. ಹಿಂದೆ ಮದುವೆ ಮುಹೂರ್ತಕ್ಕೆ ಇಡುತ್ತಿದ್ದ ಬಟ್ಟಲು ಒಂದು ಗಳಿಗೆಗೆ, ಅಂದರೆ 24 ನಿಮಿಷಕ್ಕೆ, ಮುಳುಗುವ ಹಾಗೆ ಇರುತ್ತಿತ್ತು. ನಮ್ಮದು ಪುಟ್ಟದು, ನಾಲ್ಕು ನಿಮಿಷದ್ದು. ತಳದ ತೂತಿಗೆ ಕಿಲುಬು ಕಟ್ಟಿದರೆ ನೀರು ನಿಧಾನ ಏರುತ್ತದೆ. ಹುಣಸೆಹಣ್ಣು ಹಚ್ಚಿ ಉಜ್ಜಿ, ತೊಳೆದು ಒರೆಸಿಡಿ, ಸರಿಹೋಗುತ್ತದೆ. ದಯವಿಟ್ಟು ಸೂಜಿ ಹಾಕಿ ತೂತು ದೊಡ್ಡದು ಮಾಡಬೇಡಿ.

ಇಂತಿ ನಿಮ್ಮ,
'ಏಳುಕೆರೆ' ಆಟ ಮಾಡುವವರು